ಮನೆ ಮುಂದಿನ ಕಾಲುವೆ

‘ನಮ್ಮ ಊರಿಗೆ ಹೊಸದಾಗಿ ಬಂದಿರುವ ನಿಮಗೆ ಆದರದ ಸ್ವಾಗತ’ ಎಂದು ಶುರುವಾಗುವ ಕಾಗದ, ಜೊತೆಗೆ ಕಸದ ಗಾಡಿ ಬರುವ ದಿನಗಳ ಪಟ್ಟಿ, ಎರಡೂ ಗೇಸ್ಕತ್ತೆಯ ಬಾಗಿಲ ಸಂದಿಯಿಂದ ಒಳಗೆ ಬಿದ್ದವು. ಕಳಿಸಿದ್ದು ಪಕ್ಕದ ಮೀರ್‌ವೆಡ್ಡೆ ಪುರಸಭೆ. ಗೇಸ್ಕತ್ತೆಗೆ ಎಂಬತ್ಮೂರು. ಮದುವೆಯಾಗಿ ಬಂದಂದಿನಿಂದ ಅರವತ್ತೊಂದು ವರ್ಷ ಇದೇ ಮನೆಯಲ್ಲಿದ್ದಾಳೆ. ತನ್ನೂರು ಓಲ್ಡೆವೀರ್ ಬಿಟ್ಟು ಹೊರಗೆ ಮಲಗಿದ್ದು ಹೆರಿಗೆಗೆಂದು ಎರಡು ಸಲ. ಲಕೋಟೆಯನ್ನು ತಿರುಗಿಸಿ ಮುರುಗಿಸಿ ನೋಡಿದಳು. ಹೆಸರು ಅವಳದೇ, ಬೀದಿ ಅವಳದೇ, ಮನೆ ನಂಬರೂ ಅವಳದೇ. ಊರು ಮಾತ್ರ ಬೇರೆ.

ಓಲ್ಡೆವೀರ್ ಪುರಸಭೆಗೆ ಫೋನ್ ಮಾಡಿ ಮನಸಾರೆ ಬೈದಳು. ಮಧ್ಯಾಹ್ನ ಅಲ್ಲಿನ ಗುಮಾಸ್ತ ಯೆಲ್ಮರ್ ಎದುರುಗಾಳಿಯಲ್ಲಿ ಸೈಕಲ್ ತುಳಿದು, ಬೆನ್ನಚೀಲದಲ್ಲಿ ಹಳೆಯ ಕಡತವೊಂದನ್ನು ಹೊತ್ತು ಬಂದ. ನಲವತ್ತು ದಾಟಿದ ಆಸಾಮಿ, ಆದರೆ ಗೇಸ್ಕತ್ತೆ ಅವನನ್ನು ತೊಟ್ಟಿಲಿನಿಂದ ಬಲ್ಲಳು.

"ಏನೋ ಯೆಲ್ಮರ್, ನಾನು ಊರು ಬಿಟ್ಟಿದ್ದು ನನಗೇ ಗೊತ್ತಾಗ್ಲಿಲ್ವಲ್ಲೋ!"

"ನೀವು ಎಲ್ಲೂ ಹೋಗಿಲ್ಲ ಅತ್ತೆ. ಗಡಿ ಹೋಗಿದೆ."

"ಗಡಿಗೇನು ಕಾಲು ಬಂದಿದ್ಯಾ?"

ಯೆಲ್ಮರ್ ಕಾಫಿ ಕುಡಿಯುತ್ತ ವಿವರಿಸಿದ. ಎರಡೂ ಊರುಗಳ ನಡುವಿನ ಗಡಿ ಬಸಿಗಾಲುವೆಯ ನಡುಮಧ್ಯ ಎಂದು ಮೊದಲಿನಿಂದಲೂ ಇದೆ. ಈ ವರ್ಷ ಆಕಾಶದಿಂದ ಚಿತ್ರ ತೆಗೆದು ಹೊಸ ನಕ್ಷೆ ಬರೆದರು. ಚಿತ್ರದಲ್ಲಿ ಕಾಲುವೆ ಗೇಸ್ಕತ್ತೆಯ ಮನೆ ಮುಂದೆ ಹರಿಯುತ್ತಿದೆ. ಕಾಲುವೆಯಿಂದ ಈಚೆಗೆ, ಎಂದರೆ ಮನೆ, ಕೋಳಿಗೂಡು, ಎಲೆಕೋಸಿನ ಪಾತಿ, ಎಲ್ಲವೂ ಮೀರ್‌ವೆಡ್ಡೆಗೆ ಸೇರಿದ್ದು. ಗೇಸ್ಕತ್ತೆಗೆ ತಲೆಬುಡ ಹತ್ತಲಿಲ್ಲ. ಪ್ರತಿದಿನ ಕಾಲುವೆಯ ಮೇಲಿನ ಮರದ ಕಾಲುಸೇತುವೆ ದಾಟಿ ಬ್ರೆಡ್ ತರುತ್ತಿದ್ದವಳು ಪರಊರಿಗೆ ಹೋಗಿ ಬರುತ್ತಿದ್ದಳೆ? ಬಿಸ್ಕತ್ತಿನ ಡಬ್ಬಿ ಮುಚ್ಚುವುದನ್ನೂ ಮರೆತಳು. ನಮ್ಮ ಕಡೆ ಕಾಫಿಗೆ ಒಂದೇ ಬಿಸ್ಕತ್ತು, ಆಮೇಲೆ ಡಬ್ಬಿ ಬಂದ್. ಯೆಲ್ಮರ್ ಸದ್ದಿಲ್ಲದೆ ಎರಡನೆಯದನ್ನು ತೆಗೆದುಕೊಂಡ.

"ಕಸ ಯಾರಾದ್ರೂ ಒಯ್ಯಲಿ," ಎಂದಳು ಕೊನೆಗೆ. "ಮಣ್ಣಿನ ಕಥೆ ಏನು?"

ಯೆಲ್ಮರ್ ಕೈಯಲ್ಲಿದ್ದ ಬಿಸ್ಕತ್ತನ್ನು ತಟ್ಟೆಗಿಟ್ಟ. ಓಲ್ಡೆವೀರ್‌ನ ಚರ್ಚು ನಿಂತಿರುವ ದಿಬ್ಬ ಚಿಕ್ಕದು, ಅದರ ಮೇಲಿನ ಸ್ಮಶಾನ ಇನ್ನೂ ಚಿಕ್ಕದು. ಅಲ್ಲಿ ಊರಿನವರಿಗೆ ಬಿಟ್ಟು ಬೇರೆಯವರಿಗೆ ಜಾಗವಿಲ್ಲ. ಗಂಡ ವುಬ್ಬೊ ಮೂರು ವರ್ಷದಿಂದ ಅಲ್ಲಿದ್ದಾನೆ. ಪಕ್ಕದ ಆರಡಿ ತನ್ನದೆಂದು ನಂಬಿಕೊಂಡೇ ಅವಳು ವಾರಕ್ಕೊಮ್ಮೆ ಹೋಗಿ ಆ ಹುಲ್ಲನ್ನೂ ಸೇರಿಸಿ ಕತ್ತರಿಸಿ ಬರುತ್ತಿದ್ದಳು.

"ದಾರಿ ಇದೆ ಅತ್ತೆ," ಎಂದು ಯೆಲ್ಮರ್ ಒಂದು ಅರ್ಜಿ ನಮೂನೆ ಮುಂದಿಟ್ಟ. "ಹಳೇ ನಕ್ಷೇಲಿ ಕಾಲುವೆ ನಿಮ್ಮ ಅಡುಗೆಮನೆ ಹಿಂದೆ ಇತ್ತು. ಆಮೇಲೆ ಯಾರೋ ಅದನ್ನ ಮುಚ್ಚಿ ಮುಂದೆ ತೋಡಿದ್ದಾರೆ. ‘ಕಾಲುವೆಯನ್ನು ತಪ್ಪು ಜಾಗದಲ್ಲಿ ತೋಡಲಾಗಿದೆ’ ಅಂತ ಮನೆಯವರು ಸಹಿ ಹಾಕಿಕೊಟ್ರೆ ಹಳೇ ಗಡಿನೇ ನಿಲ್ಲುತ್ತೆ."

"ತಪ್ಪೇ ಮತ್ತೆ! ನಾನು ಮದುವೆಗೆ ಮುಂಚೆ ಮನೆ ನೋಡೋಕೆ ಬಂದಾಗ ಹಿಂದೇನೇ ಇತ್ತು, ಗಬ್ಬು ನಾರ್ತಿತ್ತು. ಮದುವೆಯಾಗಿ ಬರೋ ಹೊತ್ತಿಗೆ ಮುಂದೆ ಇತ್ತು. ನೀರಿನ ಮಂಡಳಿಯವರು ಸರಿಸಿದ್ರು ಅಂದಿದ್ದ ವುಬ್ಬೊ. ತೋಡಿದವನ ಕೈ ಸೇದಿಹೋಗ! ಪೆನ್ನು ಕೊಡಿಲ್ಲಿ. ಯಾವನವನು, ಹೆಸರು ಹೇಳು, ಅದನ್ನೂ ಬರೀತೀನಿ."

"ಹೆಸರು ಬೇಡ ಬಿಡಿ ಅತ್ತೆ."

"ಹೇಳೋ."

ಯೆಲ್ಮರ್ ಕಡತದಿಂದ ಹಳದಿಯಾದ ಒಂದು ಹಾಳೆ ತೆಗೆದು ಅವಳ ಮುಂದೆ ಸರಿಸಿದ. ಸ್ವಂತ ಖರ್ಚಿನಲ್ಲಿ, ಸ್ವಂತ ಕೈಯಾರೆ ಕಾಲುವೆ ಸರಿಸಲು ನೀರಿನ ಮಂಡಳಿಯನ್ನು ಅಪ್ಪಣೆ ಕೇಳಿದ ಅರ್ಜಿ. ಗುದ್ದಲಿ ಹಿಡಿದ ಹಾಗೆ ಪೆನ್ನು ಹಿಡಿದು ಬರೆದ ಆ ದಪ್ಪಕ್ಷರ ಯಾರದೆಂದು ಗೇಸ್ಕತ್ತೆ ಸಹಿ ನೋಡದೆಯೇ ತಿಳಿದಳು. ಕಾರಣ ಎಂಬಲ್ಲಿ ಒಂದೇ ಸಾಲಿತ್ತು: ‘ನಾನು ಮದುವೆಯಾಗಲಿರುವ ಹುಡುಗಿಗೆ ಅಡುಗೆಮನೆಯ ಕಿಟಕಿ ತೆರೆಯಲು ಆಗಬೇಕು.’

ಅವಳಿಗೆ ನಗು ಬಂತೋ ಅಳು ಬಂತೋ ಹೇಳಲಾಗದು, ಎರಡೂ ಒಟ್ಟಿಗೇ ಬಂದವು. ಆ ದಿನ ಮೂಗು ಮುಚ್ಚಿಕೊಂಡು ಏನೋ ತಮಾಷೆಗೆ ಅಂದಿದ್ದಳು. ಅಷ್ಟಕ್ಕೆ ಇಡೀ ಚಳಿಗಾಲ ಹೆಪ್ಪುಗಟ್ಟಿದ ಮಣ್ಣು ಅಗೆದಿದ್ದಾನೆ. ಐವತ್ತೆಂಟು ವರ್ಷ ಒಂದೇ ಮೇಜಿನಲ್ಲಿ ಆಲೂಗಡ್ಡೆ ತಿಂದ, ಬಾಯಿ ಬಿಡಲಿಲ್ಲ. ಮೂಕ ಮುಂಡೇದು!

"ಸಹಿ ಹಾಕಿ ಅತ್ತೆ. ಸತ್ತವರಿಗೆ ಬೇಜಾರಾಗಲ್ಲ."

ಗೇಸ್ಕತ್ತೆ ಪೆನ್ನು ತೆಗೆದುಕೊಂಡಳು. ಆಮೇಲೆ ನಮೂನೆಯಲ್ಲಿ ಅಚ್ಚಾಗಿದ್ದ ಸಾಲನ್ನು ಹೊಡೆದು ಹಾಕಿ, ಕೆಳಗೆ ತನ್ನದೇ ಎರಡು ಸಾಲು ಬರೆದು, ಸಹಿ ಮಾಡಿ ಕೊಟ್ಟಳು. ಯೆಲ್ಮರ್ ಓದಿ ತಲೆ ಕೆರೆದುಕೊಂಡ.

"ಅತ್ತೆ, ಹೀಗೆ ಬರೆದ್ರೆ ಅರ್ಜಿ ಬಿದ್ದುಹೋಗಬಹುದು. ಮಾವನ ಪಕ್ಕದ ಜಾಗ ಕೈತಪ್ಪುತ್ತೆ. ಗೊತ್ತಿದ್ದೂ ಬರೀತಿದ್ದೀರಾ?"

"ಗೊತ್ತಿದ್ದೇ ಬರೆದಿದ್ದು. ನಡಿ, ಗಾಳಿ ಜೋರಾಗ್ತಿದೆ."

ಹಾಳೆಯ ಮೇಲೆ ಹೀಗಿತ್ತು: ‘ಕಾಲುವೆ ಇರಬೇಕಾದ ಜಾಗದಲ್ಲೇ ಇದೆ. ತಪ್ಪು ಜಾಗದಲ್ಲಿರುವುದು ನಿಮ್ಮ ಗಡಿ.’