ತೊಡೆಗಿಳಿದ ನೇಯ್ಗೆ

ಸತ್ತವರ ಕಸುಬನ್ನು ಸೀಸೆಗೆ ಇಳಿಸಿಕೊಡುವ ಕಾಲ ಬಂದ ಮೇಲೆ ಊರಿನ ದವಾಖಾನೆಯಲ್ಲಿ ಬುಧವಾರ ಬಂದರೆ ಗದ್ದಲವೋ ಗದ್ದಲ. ಬಡಿಗರ ಮಗ ಬಲತೋಳು ಒಡ್ಡುತ್ತಿದ್ದ, ಅಕ್ಕಸಾಲಿಗರ ಮಗಳೂ ಬಲತೋಳನ್ನೇ ಒಡ್ಡುತ್ತಿದ್ದಳು. ಸೂಜಿ ಯಾವ ಅಂಗಕ್ಕೋ ಕಸುಬು ಆ ಅಂಗಕ್ಕೆ.

ನೀಲವ್ವನ ಕೈಯಲ್ಲಿ ಅವಳ ಅವ್ವನ ನೇಯ್ಗೆಯ ಸೀಸೆಯಿತ್ತು. ಅದು ಸಂಜೆಯೊಳಗೆ ಕೆಟ್ಟುಹೋಗುತ್ತಿತ್ತು.

ಜೈಬೂನ್ ಸಿಸ್ಟರ್ ಅವಳ ತೋಳು ಹಿಚುಕಿ ನೋಡಿದಳು. "ಜ್ವರದಾಗ ಎಷ್ಟ್ ಸೊರಗೀಯವ್ವಾ! ಎರಡೂ ತೋಳಿನ್ಯಾಗ ಮಾಂಸನ ಇಲ್ಲ. ಇಲ್ಲಿ ಚುಚ್ಚಿದ್ರ ಎಲುಬಿಗೆ ತಾಗ್ತದ, ನರಕ್ಕೂ ಪೆಟ್ಟಾದೀತು. ಎರಡೂ ತೊಡಿಗೆ ಅರ್ಧರ್ಧ ಹಾಕ್ತೀನಿ."

"ತೊಡಿಗಾ? ಕಾಲು ಲಾಳಿ ಒಗಿತಾವೇನ್ರೀ ಅಕ್ಕಾರ?"

ಹಿಂದೆ ನಿಂತವರು ನಕ್ಕರು. ನೀಲವ್ವನ ಕಣ್ಣು ತುಂಬಿತು.

"ಮೋರಿಗೆ ಚೆಲ್ಲೂದಕ್ಕಿಂತ ಚಲೋ ಅಲ್ಲೇನು? ಕಾಲು ಸಡ್ಲ ಬಿಡು." ಸಿಸ್ಟರ್ ಸೊಂಟಕ್ಕೂ ಮೊಣಕಾಲಿಗೂ ನಡುವೆ, ಎರಡೂ ತೊಡೆಗಳ ಹೊರಮಗ್ಗುಲಲ್ಲಿ ಬೆರಳಿಟ್ಟು ಜಾಗ ಹುಡುಕಿ ಚುಚ್ಚಿದಳು.

ನೀಲವ್ವ ಮೋರೆ ಇಳಿಬಿಟ್ಟು ಬೆಂಚಿನ ಮೇಲೆ ಕೂತಳು. ಸ್ವಲ್ಪ ಹೊತ್ತಿಗೆ ಬಲಗಾಲು ತಾನಾಗಿ ನೆಲ ಒತ್ತಿತು. ಅದು ಏಳುತ್ತಿದ್ದಂತೆ ಎಡಗಾಲು ಒತ್ತಿತು. ಮತ್ತೆ ಬಲಗಾಲು. ಕುಣಿಮಗ್ಗದಲ್ಲಿ ಕಾಲು ಗುಂಡಿಗಿಳಿಸಿ ಕೂತು ಹಲಗೆ ತುಳಿಯುವ ಲಯ ಅದು. ಹುಟ್ಟಿದಾಗಿನಿಂದ ಅವ್ವನ ಕೈಯನ್ನೇ ನೋಡುತ್ತ ಬೆಳೆದವಳು, ಕೆಳಗೆ ಕುಣಿಯ ಕತ್ತಲಲ್ಲಿ ದುಡಿಯುತ್ತಿದ್ದ ಆ ಕಾಲುಗಳನ್ನು ಒಮ್ಮೆಯೂ ಬಗ್ಗಿ ನೋಡಿರಲಿಲ್ಲ.

ಅವಳು ಕಣ್ಣೊರೆಸಿಕೊಂಡು ಎದ್ದಳು. "ಕಾಲು ಮಗ್ಗಕ್ಕ ಕರ್ಯಾಕತ್ತಾವ್ರೀ, ಅಕ್ಕಾರ. ಕೈಗೆ ನಾನ ಕಲಿಸ್ತೀನಿ."