ಗೊಂಬೆಯ ಸೊಂಟ

"ಎರಡು ವಾರದಲ್ಲಿ ಈ ಗೊಂಬೆಯ ಅಳತೆಗೆ ಇಳೀರಿ ಮೇಡಂ. ಇಲ್ಲಾಂದ್ರೆ ರಾಣಿ ಪಾತ್ರ ಬೇರೆಯವರಿಗೆ," ಎಂದ ನಿರ್ಮಾಪಕ ಬ್ರಾಂಟ್, ನಟಿ ಲೊರೇನಳಿಗೆ.

ಹಾಲಿವುಡ್ಡಿನ ಆ ಹೊಲಿಗೆ ಕೋಣೆಯಲ್ಲಿ ಪ್ರತಿ ನಾಯಕಿಯ ಮೈ ಅಳತೆಗೂ ಒಂದೊಂದು ಗೊಂಬೆ. ಗೌನು ಹೊಲಿಯುವುದು ಅದರ ಮೇಲೆಯೇ. ಲೊರೇನಳ ಗೊಂಬೆ ಅವಳ ಇಪ್ಪತ್ತನೇ ವಯಸ್ಸಿನದು. ಈಗ ಅವಳಿಗೆ ನಲವತ್ನಾಲ್ಕು. ಮೂವತ್ತೆಂಟು ಚಿತ್ರ, ಎರಡು ಹೆರಿಗೆ ಆಗಿದ್ದವು.

ಲೊರೇನ್ ಹತ್ತಿಯ ಹಾಸನ್ನು ಎಳೆದುಕೊಂಡು ಗೊಂಬೆಯ ಸೊಂಟಕ್ಕೆ ಬಿಗಿಯಾಗಿ ಸುತ್ತಿದಳು. "ನಿನ್ನ ಸ್ಟುಡಿಯೋ ಗೋಡೆ ಎದ್ದಿದ್ದೇ ನನ್ನ ಚಿತ್ರಗಳಿಂದ ಕಣಯ್ಯಾ. ನಾನ್ಯಾಕೆ ಕರಗಲಿ? ಇವಳೇ ದಪ್ಪ ಆಗ್ಲಿ!"

ಹೊಲಿಗೆ ಯಂತ್ರಗಳೆಲ್ಲ ನಿಂತವು. ಹಿರಿಯ ದರ್ಜಿ ಓಲ್ಗಾ ಬ್ರಾಂಟನ ಮುಖವನ್ನೂ ನೋಡಲಿಲ್ಲ. ಹತ್ತಿಗೆ ಗುಂಡುಸೂಜಿ ಚುಚ್ಚಿ ಕೇಳಿದಳು: "ಇನ್ನೊಂದು ಸುತ್ತು ಹಾಕ್ಲಾ, ತಾಯಿ?"

"ಹಾಕು. ನಂದಿನ್ನೂ ಊಟ ಆಗಿಲ್ಲ."

ಹೆಂಗಸರೆಲ್ಲ ಗೊಳ್ಳೆಂದರು. ಬ್ರಾಂಟ್ ಟೋಪಿ ಎತ್ತಿಕೊಂಡು, "ಈ ಅಳತೆಯ ಗೌನೇ ಸೋಮವಾರಕ್ಕೆ ಬೇಕು," ಎಂದ.