ಪರದೆಯಾಚೆಯ ಮೇಷ್ಟ್ರು

ಮೇಲಿನ ಸ್ವರಕ್ಕೆ ಹೋದ ಕೂಡಲೇ ಬಿಬಿಯಾನಾಳ ದನಿ ಒಡೆಯಿತು. ಮತ್ತೆ ಹಾಡಿದಳು, ಮತ್ತೆ ಒಡೆಯಿತು. ಕಬ್ಬಿಣದ ಜಾಲರಿಗೆ ಬಿಗಿದ ಕರಿ ಪರದೆಯ ಆಚೆ ಕೂತಿದ್ದ ಸಂಗೀತದ ಮೇಷ್ಟ್ರು ತಾದೇಯೊ ಬೈಯಲಿಲ್ಲ. ಸಣ್ಣ ತಪ್ಪಿಗೂ ಕೋಲಿನಿಂದ ಜಾಲರಿ ಕುಟ್ಟುವ ಮನುಷ್ಯ ಈ ಸಲ ಕುಟ್ಟಲೂ ಇಲ್ಲ. ಅವಳಿಗೆ ಅದೇ ಹೆಚ್ಚು ಹೆದರಿಕೆಯಾಯಿತು.

ಮೆಕ್ಸಿಕೋದ ಪುಯೆಬ್ಲಾ ಊರಿನ ಆ ಮಠಕ್ಕೆ ಸನ್ಯಾಸಿನಿಯಾಗಿ ಸೇರುವ ಹುಡುಗಿಯರು ಮದುವೆಗೆ ತಂದಂತೆ ವರದಕ್ಷಿಣೆ ತರಬೇಕಿತ್ತು. ಕುದುರೆ ಜೀನು ಹೊಲಿಯುವವನ ಮಗಳು ಬಿಬಿಯಾನಾ ಹದಿನೈದು ವರ್ಷದ ಹಿಂದೆ ತಂದದ್ದು ತನ್ನ ಗಂಟಲೊಂದನ್ನೇ. ಈ ಸಲ ಜ್ವರ ಬಂದು ಹೋದಮೇಲೆ ಆ ಗಂಟಲೇ ಕೈಕೊಟ್ಟಿತ್ತು. ಹೀಗೇ ಆದರೆ ಹಾಡುವವರ ಸಾಲು ಬಿಟ್ಟು ಅಡುಗೆಮನೆ ಸೇರಬೇಕಾದೀತು ಎಂದು ಮಠದ ಮುಖ್ಯಸ್ಥೆ ಮದರ್ ಲಿಯೊಕಾದಿಯಾ ಹಿಂದಿನ ದಿನವಷ್ಟೇ ಹೇಳಿದ್ದಳು. ಮೆತ್ತಗೆ ಹೇಳಿದ್ದಳು. ಹಾಗೆ ಹೇಳಿದ್ದರಿಂದಲೇ ಅದು ಖಂಡಿತವೆಂದು ಬಿಬಿಯಾನಾಳಿಗೆ ಗೊತ್ತಾಗಿಹೋಗಿತ್ತು.

"ಕೆಳಗಿನ ಸ್ವರಕ್ಕೆ ಹೋಗಿ ತಾಯಿ. ಇನ್ನೂ ಕೆಳಗೆ," ಎಂದರು ಮೇಷ್ಟ್ರು.

"ಬೇಡ ಮೇಷ್ಟ್ರೇ. ಕೆಳಗೆ ಹೋದರೆ ಗಂಡಸು ಹಾಡಿದ ಹಾಗಿರುತ್ತೆ. ನೀರು ಮಾರೋನ ಕತ್ತೆಯೇ ವಾಸಿ ಅಂತ ನಮ್ಮವರೇ ನಗ್ತಾರೆ."

"ಕತ್ತೆಗೆ ನಾನು ಪಾಠ ಹೇಳಿಲ್ಲ. ನಿಮಗೆ ಹೇಳಿದೀನಿ. ಹಾಡಿ."

ಅವಳು ಕಣ್ಣು ಮುಚ್ಚಿ, ಕತ್ತಲ ಬಾವಿಗೆ ಇಳಿಯುವವಳಂತೆ ಒಂದೊಂದೇ ಸ್ವರ ಇಳಿದಳು. ಎಲ್ಲಕ್ಕಿಂತ ಕೆಳಗಿನದನ್ನು ಮುಟ್ಟಿದಾಗ ಜಾಲರಿಯ ಸರಳುಗಳು ಗುಂಯ್ ಎಂದವು. ಆಚೆ ಕಡೆ ಕುರ್ಚಿ ಸರಿದ ಸದ್ದಾಯಿತು. ಮೇಷ್ಟ್ರು, ನಾಳೆ ಬರುತ್ತೇನೆ, ಯಾರು ಹೇಳಿದರೂ ಈ ದನಿಯನ್ನು ಮೇಲಕ್ಕೆಳೆಯಬೇಡಿ ಎಂದಷ್ಟೇ ಹೇಳಿ ಎದ್ದುಹೋದರು.

ಅಲ್ಲಿಯವರೆಗೆ ಆ ಮಠದ ಹಾಡುಗಳಲ್ಲಿ ಕೆಳಗಿನ ದನಿಯನ್ನು ಮರದ ಕೊಳವೆ ವಾದ್ಯವೊಂದರಲ್ಲಿ ಊದಿಸುತ್ತಿದ್ದರು. ಹೆಣ್ಣುಮಕ್ಕಳಲ್ಲಿ ಅಂಥ ಕಂಠ ಎಲ್ಲಿಂದ ತರುವುದು? ಆ ವರ್ಷದ ಹಬ್ಬಕ್ಕೆ ತಾದೇಯೊ ಮೇಷ್ಟ್ರು ವಾದ್ಯವನ್ನು ಪಕ್ಕಕ್ಕಿಟ್ಟು ಬಿಬಿಯಾನಾಳನ್ನೇ ನಂಬಿ ಹೊಸ ಹಾಡು ಕಟ್ಟಿದರು. ಮದರ್ ಲಿಯೊಕಾದಿಯಾ ಒಪ್ಪಲಿಲ್ಲ. ಹಾಗಾದರೆ ಬೇರೆ ಮೇಷ್ಟ್ರನ್ನು ನೋಡಿಕೊಳ್ಳಿ ಎಂದರು ಇವರು. ಆಗ ಅವಳು ಹಾಡಿಗೆ ಒಪ್ಪಿದಳು. ಹಬ್ಬದ ಬೆಳಗ್ಗೆ ಇಗರ್ಜಿಯಲ್ಲಿ ಮಂಡಿಯೂರಿದ್ದ ಜನ ಆ ಕೆಳದನಿ ಕೇಳಿ ಪೂಜೆ ಮರೆತು, ಸನ್ಯಾಸಿನಿಯರು ಮರೆಯಲ್ಲಿ ಹಾಡುತ್ತಿದ್ದ ಮೇಲಿನ ಜಾಲರಿಯತ್ತ ತಿರುಗಿದರು. ಮರುದಿನವೇ ಸ್ಪೇನಿನಿಂದ ಬಂದಿದ್ದ ಬಿಷಪ್ಪರ ಕಾರ್ಯದರ್ಶಿ ಬಾಗಿಲಲ್ಲಿ ನಿಂತು, ಮಠದೊಳಗೆ ಗಂಡಸನ್ನು ಬಚ್ಚಿಟ್ಟಿದ್ದೀರೆಂದು ಊರೆಲ್ಲ ಮಾತಾಡುತ್ತಿದೆ ಎಂದ. ಬಿಬಿಯಾನಾಳನ್ನು ಕರೆಸಿ ಹಾಡಿಸಿದರು. ಅವನು ಪೂರ್ತಿ ಕೇಳಿದ. ಬಿಷಪ್ಪರು ವಿವರ ಕೇಳಿದರೆ ಹೇಳಬೇಕಲ್ಲ ಎಂದು ಇನ್ನೊಂದು ಸಲ ಹಾಡಿಸಿಕೊಂಡು ಹೋದ.

ಆಮೇಲೆ ಮೇಷ್ಟ್ರು ಕಟ್ಟಿದ ಒಂದೊಂದು ಹಾಡಿನಲ್ಲೂ ಆ ಕೆಳಗಿನ ಸಾಲಿತ್ತು. ಅದರ ನೆತ್ತಿಯ ಮೇಲೆ 'ತಾಯಿ ಬಿಬಿಯಾನಾಗೆ' ಎಂದೇ ಬರೆಯುತ್ತಿದ್ದರು. ಅವುಗಳ ನಕಲು ಒಹಾಕಾಕ್ಕೆ, ಮೆಕ್ಸಿಕೋ ಪಟ್ಟಣಕ್ಕೆ ಹೋದವು. ಅಲ್ಲಿಯ ದಪ್ಪ ಕುತ್ತಿಗೆಯ ಗಾಯಕರು ತಾಯಿ ಬಿಬಿಯಾನಾ ಯಾರೆಂದು ತಿಳಿಯದೆಯೇ ಆಕೆಯ ಸಾಲು ಹಾಡಿದರು. ಹಾಡುಗಳು ಅಷ್ಟು ದೂರ ಹೋದರೂ, ಮೂಲನಿವಾಸಿ ತಾಯಿಯ ಮಗನೆಂದು ಊರಿನ ದೊಡ್ಡ ಇಗರ್ಜಿಯವರು ಮೇಷ್ಟ್ರನ್ನು ಸಂಗೀತದ ಮುಖ್ಯ ಗುರುವಿನ ಪೀಠಕ್ಕೆ ಹತ್ತಿಸಲಿಲ್ಲ. ತಮಗೆ ಈ ಮಠವೇ ಸಾಕೆಂದು ಅವರು ಪರದೆಯಾಚೆಯಿಂದ ಒಮ್ಮೆ ಹೇಳಿದ್ದುಂಟು. ಇಷ್ಟು ವರ್ಷದಲ್ಲಿ ಬಿಬಿಯಾನಾ ಅವರ ಮುಖ ನೋಡಿರಲಿಲ್ಲ. ಹೊರಗಿನ ಗಂಡಸಿನ ರೂಪ, ವಯಸ್ಸು ವಿಚಾರಿಸುವುದು ಪಾದ್ರಿಯ ಮುಂದೆ ಪಾಪವೆಂದು ಒಪ್ಪಿಕೊಳ್ಳಬೇಕಾದ ವಿಷಯ. ಆ ಗಡಸು ದನಿ, ಆ ಸಿಡುಕು ಕೇಳಿ ಅವಳು ತನ್ನಷ್ಟಕ್ಕೆ ಒಬ್ಬ ನರೆಗೂದಲ ದೊಡ್ಡ ಮನುಷ್ಯನನ್ನು ಮಾಡಿಟ್ಟುಕೊಂಡು, ಅಪ್ಪನಿಗೆ ಹೆದರಿದ ಹಾಗೆ ಹೆದರಿಕೊಂಡಿದ್ದಳು.

ಊರಿಗೆ ಸಾಂಕ್ರಾಮಿಕ ಜ್ವರ ಬಂದ ವರ್ಷ ಮೇಷ್ಟ್ರು ತೀರಿಕೊಂಡರು. ತಾವೇ ಕಟ್ಟಿದ್ದ ಸಾವಿನ ಪ್ರಾರ್ಥನೆಯನ್ನು ಈ ಸನ್ಯಾಸಿನಿಯರೇ ಹಾಡಬೇಕೆಂದು ಹೇಳಿ ಹೋಗಿದ್ದರು. ಶವಪೆಟ್ಟಿಗೆಯನ್ನು ತಂದು ಮುಚ್ಚಳ ತೆರೆದು ಇಗರ್ಜಿಯ ಕೆಳಗಿನ ಜಾಲರಿಯ ಮುಂದಿಟ್ಟರು. ಹಣ್ಣು ಮುದುಕಿಯಾಗಿದ್ದ ಮದರ್ ಲಿಯೊಕಾದಿಯಾ ಗೋಡೆ ಹಿಡಿದುಕೊಂಡು ಬಂದು, ತನ್ನ ಕೈಯಾರೆ ಕರಿ ಪರದೆಯನ್ನು ಸರಿಸಿದಳು.

"ನೋಡ್ಕೊಳ್ಳಿ," ಎಂದಳು. "ದೇವರ ಹತ್ತಿರ ನಾನು ಮಾತಾಡ್ಕೋತೀನಿ."

ಬಿಬಿಯಾನಾ ನೋಡಿದಳು. ನರೆಗೂದಲಿರಲಿಲ್ಲ. ಸಣ್ಣ ಮೈಕಟ್ಟಿನ, ಕೆನ್ನೆಯ ಮೇಲೆ ಸಿಡುಬಿನ ಕಲೆಗಳಿದ್ದ ಒಬ್ಬ ಮನುಷ್ಯ ಅಲ್ಲಿ ಮಲಗಿದ್ದ. ತನಗಿಂತ ಹತ್ತು ಹನ್ನೆರಡು ವರ್ಷ ಚಿಕ್ಕವನು. ಮಠಕ್ಕೆ ಪಾಠ ಹೇಳಲು ಬಂದ ಹೊಸದರಲ್ಲಿ ಮೀಸೆ ಆಗಷ್ಟೇ ಚಿಗುರಿದ್ದಿರಬೇಕು. ಇಷ್ಟು ಜನ ಹೆಂಗಸರು ತನ್ನ ಮಾತು ಕೇಳಲೆಂದು ದನಿ ಗಡಸು ಮಾಡಿಕೊಂಡಿರಬೇಕು, ಆಮೇಲೆ ಅದನ್ನು ಬಿಡಲಾಗಲಿಲ್ಲವೇನೋ.

ಆರ್ಗನ್ ಶುರುವಾಯಿತು. ಪ್ರಾರ್ಥನೆ ಏಳಬೇಕಾದದ್ದು ಅವಳ ಕೆಳದನಿಯಿಂದಲೇ. ಎಲ್ಲರೂ ಕಾದರು. ಪಕ್ಕದವಳು ಮೊಣಕೈಯಿಂದ ತಿವಿದಳು. ಆರ್ಗನ್ನಿನವಳು ಇನ್ನೊಮ್ಮೆ ಮೊದಲಿಂದ ನುಡಿಸಿದಳು. ಬಿಬಿಯಾನಾ ಜಾಲರಿಯ ಸಂದಿಯಲ್ಲಿ ಬೆರಳು ತೂರಿಸಿದಳು. ಬೆರಳು ಪೆಟ್ಟಿಗೆಯವರೆಗೆ ಹೋಗಲಿಲ್ಲ.

"ಇರೋ ತಮ್ಮಾ," ಎಂದಳು ಮೆಲ್ಲಗೆ, "ಹಾಡ್ತೀನಿ."